ಕಾಲಾನ ಸಂಗೀತ ಅಂತ ಕಲಿಸ್ಬೋದಾ?

ಪ್ರಶ್ನೆ: ಸರ್, ಒಂದು ಕಥೆಗೋಸ್ಕರ ಕಾಲಾನೇ ಸಂಗೀತ ಅಂತ ಓದಿಸೋ ಒಂದು ಗುರುಕುಲ ಕಲ್ಪಿಸ್ಕೊಂಡಿದೀನಿ, ಅಲ್ಲಿ ಗಂಟೆ ನಿಮಿಷ ಇಲ್ಲ, ಲಯ ಸ್ವರ ಮಾತ್ರ. ಇದಕ್ಕೆ ಏನಾದ್ರೂ ಬುಡ ಇದ್ಯಾ?

ಉತ್ತರ: ಖಂಡಿತ ಇದೆ, ದಯವಿಟ್ಟು ಕೈಬಿಡ್ಬೇಡಿ. ಜರ್ಮನ್ ತತ್ವಜ್ಞಾನಿ ಹುಸರ್ಲ್ 1905ರ ಉಪನ್ಯಾಸಗಳಲ್ಲಿ ಕಾಲದ ಅನುಭವ ವಿವರಿಸೋಕೆ ಹಾಡಿನ ಧಾಟೀನೇ ಉದಾಹರಣೆಯಾಗಿ ತಗೊಂಡ್ರು, ಒಂದು ಸ್ವರ ಕೇಳೋವಾಗ ಹಿಂದಿನದು ಮನಸ್ಸಲ್ಲಿ ಇನ್ನೂ ಉಳಿದಿರತ್ತೆ, ಮುಂದಿನದಕ್ಕೆ ಕಾಯ್ತಾನೂ ಇರ್ತೀವಿ, ಇವೆಲ್ಲ ಸೇರಿದ್ರೇನೇ ‘ಈಗ’.

ನಂಗೆ ಇದಕ್ಕಿಂತ ಇಷ್ಟ ಆಗೋದು ಇನ್ನೊಂದಿದೆ. ಸೆಕೆಂಡಿಗೆ ನಾಲ್ಕೈದು ಸಲ ಟಕ್ ಟಕ್ ಅಂದ್ರೆ ಕಿವಿಗೆ ಅದು ಲಯ, ಅದರ ವೇಗಾನೇ ಹೆಚ್ಚಿಸ್ತಾ ಸೆಕೆಂಡಿಗೆ ಸುಮಾರು 20 ಸಲ ದಾಟಿಸಿದ್ರೆ ಬಿಡಿ ಏಟುಗಳು ಮಾಯವಾಗಿ ನಿಧಾನಕ್ಕೆ ಶ್ರುತಿ ಹುಟ್ಕೊಳತ್ತೆ, 440ಕ್ಕೆ ಹೋದ್ರೆ ಆರ್ಕೆಸ್ಟ್ರಾದವರು ಟ್ಯೂನ್ ಮಾಡ್ಕೊಳೋ ಸ್ವರ! ಲಯ, ಶ್ರುತಿ ಎರಡೂ ಒಂದೇ ಕಾಲದ ಬೇರೆ ಬೇರೆ ವೇಗ. ನಿಮ್ಮ ಗುರುಕುಲದ ಮೊದಲ ಪಾಠ ಇದೇ ಆಗ್ಲಿ.

ತೊಡಕು ಒಂದೇ, ಹಾಡನ್ನ ಮತ್ತೆ ಮೊದಲಿಂದ ಹಾಡ್ಬೋದು, ಕಳೆದ ದಿನಾನ ಆಗಲ್ಲ. ವಿದ್ಯಾರ್ಥಿ ಇದನ್ನ ಕೇಳೇ ಕೇಳ್ತಾನೆ, ಗುರುಗಳ ಉತ್ತರ ಬರಿಯೋಕ್ ಮುಂಚೆ ಯೋಚಿಸಿಡಿ.