ಗೋಲ್ಡ್‌ಫಿಂಗರ್‌ನಲ್ಲಿ ಟೋಪಿ ಎಸೆಯುವ ಆ ದಾಂಡಿಗ ಯಾರು? ಆಮೇಲೆ ಏನಾದರು?

ಬಾಂಡ್ ಚಿತ್ರದಲ್ಲಿ ಒಂದೂ ಮಾತಾಡದೆ ಟೋಪಿ ಎಸೆದು ಕೊಲ್ಲುವ ಆಡ್‌ಜಾಬ್ ನಟನಾ, ನಿಜವಾದ ಪೈಲ್ವಾನನಾ, ಬೇರೆ ಸಿನಿಮಾ ಮಾಡಿದ್ದಾರಾ ಅಂತ ಕೇಳಿದ್ದೀರಿ. ಅವರ ಹೆಸರು ಹೆರಾಲ್ಡ್ ಸಕಾಟಾ. ನಟ, ಪೈಲ್ವಾನ್ ಎರಡೂ ಹೌದು. ಆದರೆ ಅದಕ್ಕೂ ಮೊದಲೇ ಅವರು ಒಲಿಂಪಿಕ್ಸ್‌ನಲ್ಲಿ ಬೆಳ್ಳಿ ಗೆದ್ದಿದ್ದರು. ಅವರ ಬಗ್ಗೆ ಮಾತಾಡುವವರು ಇದನ್ನು ಕೊನೆಗೆ ಹೇಳ್ತಾರೆ ಅನ್ನೋದೇ ನನಗೆ ಬೇಜಾರು.

1920ರಲ್ಲಿ ಹವಾಯಿಯ ಹೊಲುವಾಲೋವ ಎಂಬ ಊರಿನಲ್ಲಿ ಹುಟ್ಟಿದರು. ಕಾಫಿ ಬೆಳೆಯುವ ಜಾಗ ಅದು, ನಮ್ಮ ಮಲೆನಾಡಿನವರಿಗೆ ಹೇಳಿದರೆ ಕಣ್ಮುಂದೆ ಬರುತ್ತದೆ. ಮನೆಯವರು ಜಪಾನ್ ಮೂಲದವರು. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ (ನಮ್ಮ ಹಾಕಿ ತಂಡ ಸ್ವತಂತ್ರ ಭಾರತಕ್ಕೆ ಮೊದಲ ಚಿನ್ನ ತಂದಿತಲ್ವಾ, ಅದೇ ಕೂಟ) ಸಕಾಟಾ ಅಮೆರಿಕದ ಪರವಾಗಿ 82.5 ಕೆಜಿ ವರ್ಗದಲ್ಲಿ ಭಾರ ಎತ್ತಿದರು. ಆಗ ಪ್ರೆಸ್, ಸ್ನ್ಯಾಚ್, ಜರ್ಕ್ ಅಂತ ಮೂರು ಬಗೆ ಇತ್ತು. ಮೂರೂ ಸೇರಿ ಅವರು ಎತ್ತಿದ್ದು 380 ಕೆಜಿ. ಚಿನ್ನ ಗೆದ್ದ ಅಮೆರಿಕದವರೇ ಆದ ಸ್ಟಾನ್ಲಿ ಸ್ಟಾನ್ಚಿಕ್ 417.5 ಕೆಜಿ ಎತ್ತಿ ತುಂಬಾ ಮುಂದಿದ್ದರು.

ಪದಕದಿಂದ ಹೊಟ್ಟೆ ತುಂಬುವುದಿಲ್ಲ. ಅವರು ವೃತ್ತಿ ಕುಸ್ತಿಗೆ ಇಳಿದರು. ರಿಂಗ್‌ನಲ್ಲಿ ಇಟ್ಟುಕೊಂಡ ಹೆಸರು ಟಾಶ್ ಟೋಗೋ. ಮಹಾಯುದ್ಧ ಮುಗಿದು ಇನ್ನೂ ಜಾಸ್ತಿ ವರ್ಷ ಆಗಿರಲಿಲ್ಲ. ಜಪಾನಿ ಮುಖ ಕಂಡರೆ ಅಮೆರಿಕದ ಜನ ಕೂಗಾಡುತ್ತಿದ್ದ ಕಾಲ. ಆ ಕೂಗೇ ಟಿಕೆಟ್ ಮಾರುತ್ತಿತ್ತು. ದೇಶಕ್ಕೆ ಪದಕ ತಂದ ಮನುಷ್ಯ ಅದೇ ದೇಶದ ಜನರೆದುರು ಶತ್ರು ದೇಶದ ಖಳನಾಗಿ ನಿಲ್ಲಬೇಕಾಯಿತು. ಅವರ ಬದುಕಿನಲ್ಲಿ ನನ್ನನ್ನು ಜಾಸ್ತಿ ಕಾಡುವುದು ಇದೇ. 1951ರಲ್ಲಿ ಕುಸ್ತಿಪಟುಗಳ ಒಂದು ತಂಡದ ಜೊತೆ ಜಪಾನಿಗೂ ಹೋಗಿದ್ದರು. ಮುಂದೆ ಅಲ್ಲಿನ ಮನೆಮಾತಾದ ರಿಕಿಡೋಜಾನ್ ಕುಸ್ತಿಗೆ ಬಂದದ್ದು ಆ ಪ್ರವಾಸದಲ್ಲೇ.

ನಂತರ ಇಂಗ್ಲೆಂಡ್. ಅಲ್ಲಿ ಟಿವಿಯಲ್ಲಿ ಅವರ ಕುಸ್ತಿ ನೋಡಿ ನಿರ್ದೇಶಕ ಗೈ ಹ್ಯಾಮಿಲ್ಟನ್ 'ಗೋಲ್ಡ್‌ಫಿಂಗರ್'ಗೆ ಕರೆದರು. ಅಷ್ಟು ಹೊತ್ತಿಗೆ ಆ 82.5 ಕೆಜಿಯ ಮೈ ಬಂಡೆ ಥರ ಆಗಿತ್ತು. ಗಾಲ್ಫ್ ಚೆಂಡನ್ನು ಮುಷ್ಟಿಯಲ್ಲಿ ಪುಡಿ ಮಾಡುವಾಗ ಆ ಮುಖದ ಸಣ್ಣ ನಗು ನೋಡಿ. ಖಜಾನೆಯ ಹೊಡೆದಾಟದಲ್ಲಿ ಚಿನ್ನದ ಗಟ್ಟಿ ಎದೆಗೆ ಬಂದು ಬಡಿದಾಗಲೂ ಅದೇ ನಗು. ಸಂಭಾಷಣೆ ಇಲ್ಲದೆ ಇಷ್ಟು ಮಾಡುವುದು ಸುಲಭ ಅಲ್ಲ. ರಿಂಗ್‌ನಲ್ಲಿ ಕೊನೇ ಸಾಲಿನವನಿಗೂ ಕಾಣುವ ಹಾಗೆ ಮುಖ ಆಡಿಸಿದ ಅಭ್ಯಾಸ ಅಲ್ಲಿ ಕೈಹಿಡಿಯಿತು ಅಂತ ನನ್ನ ಲೆಕ್ಕ.

ಆ ಪಾತ್ರ ಸಾಯುವ ದೃಶ್ಯ ನೆನಪಿರಬೇಕು. ಟೋಪಿ ಕಂಬಿಗಳ ನಡುವೆ ಸಿಕ್ಕಿಕೊಂಡಿರುತ್ತದೆ. ಅವನು ಎಳೆಯಲು ಕೈ ಹಾಕುತ್ತಾನೆ, ಬಾಂಡ್ ಕರೆಂಟ್ ತಂತಿ ತಾಗಿಸುತ್ತಾನೆ, ಕಿಡಿ ಹಾರುತ್ತವೆ. ಶೂಟಿಂಗ್‌ನಲ್ಲಿ ಆ ಕಿಡಿಗೆ ಸಕಾಟಾರ ಕೈ ನಿಜವಾಗಿಯೇ ಸುಟ್ಟಿತು. ನಿರ್ದೇಶಕರು ಕಟ್ ಹೇಳುವವರೆಗೂ ಅವರು ಟೋಪಿ ಬಿಡಲಿಲ್ಲ.

ಕಾಲೇಜಿನಲ್ಲಿ ನಾನೂ ನಾಲ್ಕು ವರ್ಷ ಭಾರ ಎತ್ತಿದ್ದೇನೆ. ನಮಗೆ ಮೊದಲು ಕಲಿಸುವುದೇ ಇದು: ಬಾರ್ ತಲೆಯ ಮೇಲೆ ಹೋದ ಮೇಲೆ ಅಲುಗದೆ ನಿಲ್ಲಬೇಕು. ರೆಫರಿ 'ಡೌನ್' ಅನ್ನುವ ಮೊದಲು ಕೆಳಗೆ ಬಿಟ್ಟರೆ ಎತ್ತಿದ್ದೆಲ್ಲ ನೀರುಪಾಲು. ಭುಜ ನಡುಗುತ್ತದೆ, ಅಂಗೈ ಚರ್ಮ ಕಿತ್ತು ಉರಿಯುತ್ತದೆ, ಕಿವಿ ಮಾತ್ರ ಆ ಒಂದು ಮಾತಿಗೆ ಕಾಯುತ್ತಿರುತ್ತದೆ. ಆ ದೃಶ್ಯ ನೋಡುವಾಗೆಲ್ಲ ನನ್ನ ಅಂಗೈ ಜುಮ್ ಅನ್ನುತ್ತದೆ.

ಆಮೇಲಿನ ಕೆಲಸ ಚಿಕ್ಕದೇ, ಆದರೆ ನಿಲ್ಲಲಿಲ್ಲ. 'ಆಡ್‌ಜಾಬ್' ಅನ್ನುವುದನ್ನು ತಮ್ಮ ಹೆಸರಿನ ನಡುವೆಯೇ ಸೇರಿಸಿಕೊಂಡರು. 1971ರಲ್ಲಿ 'ಸಾರ್ಜ್' ಎಂಬ ಟಿವಿ ಧಾರಾವಾಹಿಯಲ್ಲಿ ಖಾಯಂ ಪಾತ್ರ ಸಿಕ್ಕಿತು. 1978ರ ಕಡಿಮೆ ಬಜೆಟ್ಟಿನ ಒಂದು ಹೊಡೆದಾಟದ ಚಿತ್ರದಲ್ಲಿ ಹಳೆಯ ಬಾಂಡ್ ಜಾರ್ಜ್ ಲೇಜನ್‌ಬಿ ಜೊತೆ ಮತ್ತೆ ಖಳನಾದರು. ಅಮೆರಿಕದ ಜನರಿಗೆ ಇನ್ನೂ ನೆನಪಿರುವುದು ಮಾತ್ರ ವಿಕ್ಸ್ ಫಾರ್ಮುಲಾ 44 ಜಾಹೀರಾತು. ಅದರಲ್ಲಿ ಸಕಾಟಾಗೆ ಕೆಮ್ಮು ಬರುತ್ತದೆ. ಒಂದೊಂದು ಕೆಮ್ಮಿಗೂ ಮನೆಯ ಒಂದೊಂದು ವಸ್ತು ಚೂರಾಗುತ್ತದೆ. ಕೊನೆಗೆ ಹೆಂಡತಿ ಸಿರಪ್ ಕುಡಿಸುತ್ತಾಳೆ. ಅದು ಎಷ್ಟು ಹೆಸರಾಯಿತು ಅಂದರೆ ಅಮೆರಿಕದ ಟಿವಿ ನಿರೂಪಕ ಜಾನಿ ಕಾರ್ಸನ್ ತಮ್ಮ ಶೋಗೆ ಕರೆಸಿ ಅಲ್ಲಿನ ಸೆಟ್ಟನ್ನೂ ಒಡೆಸಿದರು.

1982ರ ಜುಲೈನಲ್ಲಿ ಹೊನೊಲುಲುವಿನಲ್ಲಿ ಕ್ಯಾನ್ಸರ್‌ನಿಂದ ತೀರಿಕೊಂಡರು, 62 ವರ್ಷ. ಆ ಕೆಮ್ಮಿನ ಜಾಹೀರಾತು ಎಲ್ಲಾದರೂ ಸಿಕ್ಕರೆ ತಪ್ಪದೆ ನೋಡಿ. ಸಿರಪ್ ಕುಡಿದ ಮೇಲೆ ಆ ದೊಡ್ಡ ಮುಖ ಮಗುವಿನ ಹಾಗೆ ಶಾಂತವಾಗುತ್ತದೆ.