ಬೈಬಲ್ ಕಾಲದ ಹೊಲದಲ್ಲಿ ‘ಕಾರ್ನ್’ ಹೇಗೆ ಬಂತು?

ನಿಮ್ಮ ಪ್ರಶ್ನೆ ಇದು: 1611ರ ಇಂಗ್ಲಿಷ್ ಬೈಬಲ್‌ನಲ್ಲಿ ಯೇಸುವಿನ ಶಿಷ್ಯರು ‘ಕಾರ್ನ್’ ತೆನೆ ಕಿತ್ತು ತಿಂದರು ಎಂದಿದೆ. ಮೆಕ್ಕೆಜೋಳವೋ 1492ರ ನಂತರ ಅಮೆರಿಕದಿಂದ ಆಚೆ ಬಂದ ಬೆಳೆ. ಇದು ಹೇಗೆ? ಜೊತೆಗೆ, ಕಾಲಿನ ಆಣಿಗೂ ಕಾರ್ನ್ ಅಂತಾರೆ, ಹಳಸಲು ಜೋಕಿಗೆ ‘ಕಾರ್ನಿ’ ಅಂತಾರೆ. ಎಲ್ಲ ಒಂದೇ ಪದವೇ?

ಶಿಷ್ಯರು ತಿಂದದ್ದು ಗೋಧಿ ಅಥವಾ ಬಾರ್ಲಿ. ಸಾಕ್ಷಿ ಆ ಪುಸ್ತಕದಲ್ಲೇ ಇದೆ. ಲೂಕನ ಸುವಾರ್ತೆಯ 6ನೇ ಅಧ್ಯಾಯದ ಮೊದಲ ವಚನದಲ್ಲಿ ಅವರು ತೆನೆಯನ್ನು ಅಂಗೈಯಲ್ಲಿ ಉಜ್ಜಿಕೊಂಡು ತಿನ್ನುತ್ತಾರೆ. ಗೋಧಿ ತೆನೆ ಉಜ್ಜಿ ಊದಿದರೆ ಹೊಟ್ಟು ಹಾರಿ ಕಾಳು ಕೈಯಲ್ಲಿ ಉಳಿಯುತ್ತದೆ. ಮೆಕ್ಕೆಜೋಳದ ತೆನೆಯನ್ನು ಹಾಗೆ ಉಜ್ಜಿ ನೋಡಿ, ಅಂಗೈ ಕೆಂಪಾಗುತ್ತದೆ ಅಷ್ಟೆ.

ಇಂಗ್ಲಿಷಿನಲ್ಲಿ ಕಾರ್ನ್ ಎಂದರೆ ಮೂಲತಃ ‘ಕಾಳು’. ಲ್ಯಾಟಿನ್ನಿನ ‘ಗ್ರಾನುಂ’, ಅದರಿಂದ ಬಂದ ‘ಗ್ರೇನ್’, ಇವೆಲ್ಲ ಇದರ ದಾಯಾದಿಗಳು. ‘ಕರ್ನಲ್’ ಎಂದರೆ ಪುಟ್ಟ ಕಾರ್ನ್, ಹಾಗಾಗಿ ಕಂಪ್ಯೂಟರ್ ವ್ಯವಸ್ಥೆಯ ತಿರುಳಾದ ಲಿನಕ್ಸ್ ಕರ್ನಲ್ ಕೂಡ ಇದೇ ಮನೆತನದ್ದು. ಕಾಳು ಎಂಬ ಅರ್ಥ ಹಿಗ್ಗಿ, ಆಯಾ ಸೀಮೆಯ ಮುಖ್ಯ ಧಾನ್ಯಕ್ಕೆ ಅದೇ ಹೆಸರಾಯಿತು: ಇಂಗ್ಲೆಂಡಿನಲ್ಲಿ ಗೋಧಿ, ಸ್ಕಾಟ್ಲೆಂಡಿನಲ್ಲಿ ಓಟ್ಸ್. ಜರ್ಮನಿಯಲ್ಲಿ ‘ಕೋರ್ನ್’ ಅಂದರೆ ಬಹಳ ಕಡೆ ರೈ ಎಂಬ ಧಾನ್ಯ. ಅಮೆರಿಕಕ್ಕೆ ಹೋದ ಇಂಗ್ಲಿಷರು ಅಲ್ಲಿನ ಹೊಸ ಬೆಳೆಯನ್ನು ‘ಇಂಡಿಯನ್ ಕಾರ್ನ್’ ಎಂದರು, ಆಮೇಲೆ ‘ಇಂಡಿಯನ್’ ಉದುರಿತು.

ನಮಗಿದು ಹೊಸದೇನಲ್ಲ. ವಿಜಯಪುರದಲ್ಲಿ ‘ಜೋಳ’ ಎಂದರೆ ರೊಟ್ಟಿ ಬಡಿಯುವ ಬಿಳಿಜೋಳ. ಬೆಂಗಳೂರಿನಲ್ಲಿ ಗಾಡಿಯ ಮೇಲೆ ಕೆಂಡದಲ್ಲಿ ಸುಟ್ಟು ಉಪ್ಪು, ಖಾರ, ನಿಂಬೆಹಣ್ಣು ಸವರಿ ಕೊಡುವುದೂ ಜೋಳವೇ. ಹಳಗನ್ನಡದಲ್ಲಿ ಒಡೆಯನ ಅನ್ನದ ಋಣಕ್ಕೆ ‘ಜೋಳವಾಳಿ’ ಎಂಬ ಮಾತಿದೆ. ಅದನ್ನು ಓದಿ ಪಂಪನ ಕಾಲದಲ್ಲಿ ಮೆಕ್ಕೆಜೋಳ ಇತ್ತು ಅಂದರೆ ಹೇಗಿರುತ್ತದೋ, ಬೈಬಲ್‌ನ ಕಾರ್ನ್ ವಿಷಯವೂ ಹಾಗೇ. (ಸೋಮನಾಥಪುರದ ಹೊಯ್ಸಳ ಶಿಲ್ಪಗಳ ಕೈಯಲ್ಲಿರುವುದು ಮೆಕ್ಕೆಜೋಳದ ತೆನೆ ಎಂದು 1989ರಲ್ಲಿ ಒಂದು ವಾದ ಬಂತು; 1993ರಲ್ಲಿ ಪಾಯಕ್ ಮತ್ತು ಸಚನ್ ಎಂಬ ವಿಜ್ಞಾನಿಗಳು ಅದನ್ನು ಅಲ್ಲಗಳೆದರು. ನನಗೂ ಅದು ಮೆಕ್ಕೆಜೋಳ ಅನ್ನಿಸುವುದಿಲ್ಲ.)

ಸ್ಪರ್ಧಾತ್ಮಕ ಪರೀಕ್ಷೆಗೆ ಓದುವವರು ಎಡವುವುದು ‘ಕಾರ್ನ್ ಲಾ’ಗಳಲ್ಲಿ. ಬ್ರಿಟನ್ನಿನ 1815ರ ಈ ಕಾಯಿದೆ ಪ್ರಕಾರ ಸ್ವದೇಶಿ ಗೋಧಿಯ ಬೆಲೆ ಕ್ವಾರ್ಟರಿಗೆ, ಅಂದರೆ 8 ಬುಷೆಲ್‌ಗೆ, 80 ಶಿಲಿಂಗ್ ಮುಟ್ಟುವ ತನಕ ಹೊರಗಿನ ಗೋಧಿಗೆ ಮಾರುಕಟ್ಟೆ ಬಂದ್. 1846ರಲ್ಲಿ ಪ್ರಧಾನಿ ರಾಬರ್ಟ್ ಪೀಲ್ ಕಾರ್ನ್ ಲಾಗಳನ್ನು ರದ್ದು ಮಾಡಿಸಿದರು. ಕನ್ನಡದಲ್ಲಿ ‘ಧಾನ್ಯ ಕಾಯಿದೆ’ ಅನ್ನಿ, ‘ಜೋಳದ ಕಾಯಿದೆ’ ಬೇಡ.

ಕಾಳಿನಂತೆ ಕಾಣುವ ಯಾವುದಕ್ಕೂ ಈ ಹೆಸರು ಅಂಟಿತು. ‘ಕಾರ್ನ್ಡ್ ಬೀಫ್’ನಲ್ಲಿ ಜೋಳ ಇಲ್ಲ; ಮಾಂಸ ಕೆಡದಂತೆ ಹಾಕುತ್ತಿದ್ದ ಹರಳುಪ್ಪಿನ ಕಾಳೇ ಅಲ್ಲಿ ಕಾರ್ನ್. ತುಪಾಕಿ ಮದ್ದನ್ನೂ ‘ಕಾರ್ನ್’ ಮಾಡುತ್ತಿದ್ದರು. ನುಣ್ಣನೆಯ ಪುಡಿಯಾಗಿಯೇ ಸಾಗಿಸಿದರೆ ಗಾಡಿಯ ಕುಲುಕಾಟಕ್ಕೆ ಗಂಧಕ, ಇದ್ದಿಲು, ಪೆಟ್ಲುಪ್ಪು ಬೇರೆಬೇರೆಯಾಗಿ ಒಂದೇ ಸಮ ಉರಿಯುತ್ತಿರಲಿಲ್ಲ. ಅದಕ್ಕೇ ಒದ್ದೆ ಮಾಡಿ, ಜರಡಿ ಹಿಡಿದು, ಕಾಳು ಕಾಳಾಗಿ ಒಣಗಿಸುತ್ತಿದ್ದರು. ಇನ್ನು ‘ಬಾರ್ಲಿಕಾರ್ನ್’ ಹಳೆಯ ಅಳತೆ: ಮೂರು ಸೇರಿದರೆ ಒಂದು ಇಂಚು. ಅದು ಸತ್ತಿಲ್ಲ. ಬ್ರಿಟಿಷ್ ಅಳತೆಯಲ್ಲಿ 7ನೇ ನಂಬರಿನ ಶೂಗೂ 8ಕ್ಕೂ ಇರುವ ಅಂತರ ಇವತ್ತಿಗೂ ಒಂದು ಬಾರ್ಲಿಕಾರ್ನ್, ಸುಮಾರು 8.5 ಮಿಲಿಮೀಟರ್.

ಕಾಲಿನ ಆಣಿ ಮಾತ್ರ ಬೇರೆ ವಂಶ. ಅದು ಲ್ಯಾಟಿನ್ನಿನ ‘ಕೊರ್ನು’, ಅಂದರೆ ಕೊಂಬು. ಕಣ್ಣಿನ ಕಾರ್ನಿಯಾ, ಯುನಿಕಾರ್ನ್, ರಸ್ತೆಯ ಕಾರ್ನರ್ ಎಲ್ಲ ಆ ಕಡೆಯವು. ಓಕ್ ಮರದ ಕಾಯಿಯಾದ ‘ಏಕಾರ್ನ್’ ಇವೆರಡಕ್ಕೂ ಸೇರಿದ್ದಲ್ಲ. ಹಳೆಯ ರೂಪ ‘ಆಕರ್ನ್’, ಜನ ಅದರಲ್ಲಿ ಕಾರ್ನ್ ಇದೆ ಅಂದುಕೊಂಡು ಕಾಗುಣಿತ ಬದಲಿಸಿದರು.

ಆಡುಮಾತಿನಲ್ಲಿ ‘ಕಾರ್ನಿ’ ಈ ಅರ್ಥಕ್ಕೆ ಬಂದದ್ದು 1930ರ ದಶಕದ ಅಮೆರಿಕದಲ್ಲಿ, ಜಾಝ್ ವಾದಕರ ಬಾಯಲ್ಲಿ. ಹಳ್ಳಿಗರ ರುಚಿಯದು, ಹಳೇ ಶೈಲಿಯದು ಎಂದು ಹೀಗಳೆಯಲು ‘ಕಾರ್ನ್ ತಿಂದು ಬೆಳೆದದ್ದು’ ಅನ್ನುತ್ತಿದ್ದರು, ಅದೇ ಕುಗ್ಗಿತು. ಪೇಟೆಯವರ ಜಂಬ ಬಿಡಿ. ಬ್ರಿಟನ್ನಿನಲ್ಲಿ ‘ತನ್ನ ಕಾರ್ನ್ ದುಡಿದ’ ಎಂದರೆ ಕೊಟ್ಟ ಸಂಬಳಕ್ಕೆ ತಕ್ಕ ಕೆಲಸ ಮಾಡಿದ. ನಮ್ಮ ಜೋಳವಾಳಿಗೆ ಎಷ್ಟು ಹತ್ತಿರ ನೋಡಿ! ಈಗಿನ ವಿಡಿಯೋ ಆಪ್‌ಗಳಲ್ಲಿ ‘ಕಾರ್ನ್’ ಎಂದೋ ಜೋಳದ ಇಮೋಜಿಯೋ ಕಂಡರೆ ಹುಷಾರು, ಆಪ್‌ನ ಸೋಸುಗಣ್ಣಿಗೆ ಮಣ್ಣೆರಚಲು ಅಶ್ಲೀಲ ಚಿತ್ರಗಳಿಗೆ ಪ್ರಾಸದಿಂದ ಇಟ್ಟ ಗುಪ್ತನಾಮ ಅದು.

ಅಡುಗೆಮನೆಯಲ್ಲೂ ಈ ಪದ ಕೈಕೊಡುತ್ತದೆ. ನಮ್ಮ ಅಂಗಡಿಯ ‘ಕಾರ್ನ್‌ಫ್ಲೋರ್’ ಬೆಳ್ಳಗಿನ ಪಿಷ್ಟ. ಅಮೆರಿಕದವರು ಅದನ್ನು ‘ಕಾರ್ನ್‌ಸ್ಟಾರ್ಚ್’ ಅಂತಾರೆ, ಅವರ ‘ಕಾರ್ನ್ ಫ್ಲೋರ್’ ಇಡೀ ಮೆಕ್ಕೆಜೋಳದ ಹಿಟ್ಟು. ಅವರ ರೆಸಿಪಿ ನೋಡಿ ಕಾರ್ನ್ ಬ್ರೆಡ್ಡಿಗೆ ನಮ್ಮ ಬಿಳಿ ಪುಡಿ ಹಾಕಿದರೆ ಅಂಟಂಟು ಮುದ್ದೆಯಾಗುತ್ತದೆ. ಅಲ್ಲಿರುವ ಕನ್ನಡಿಗರು ಗೋಬಿ ಮಂಚೂರಿಗೆ ಹಳದಿ ಹಿಟ್ಟು ತಂದರೆ ಸಾಸು ತರಿತರಿಯಾಗುತ್ತದೆ, ಹೊಳಪೂ ಬರುವುದಿಲ್ಲ. ಬೇಕಾದದ್ದು ಕಾರ್ನ್‌ಸ್ಟಾರ್ಚ್: ಒಂದು ಕಪ್ ಸಾಸಿಗೆ ಒಂದು ಟೇಬಲ್ ಚಮಚ, ಎರಡು ಚಮಚ ತಣ್ಣೀರಿನಲ್ಲಿ ಕದಡಿ ಹಾಕಿ. ಪುಡಿಯನ್ನೇ ಬಿಸಿ ಸಾಸಿಗೆ ಸುರಿದರೆ ಹೊರಪದರ ತಕ್ಷಣ ಬೆಂದು ಅಂಟಾಗಿ, ಒಳಗಿನದು ಒಣಗಿಯೇ ಉಳಿದು ಗಂಟು ಕಟ್ಟುತ್ತದೆ.