ರಿಸಲ್ಟ್ ತಡವಾಗಿ ಬಂದು ಹುದ್ದೆ ಕೈತಪ್ಪಿದೆ, ಹೈಕೋರ್ಟಿಗೆ ಹೋಗಲಾ?

ಪ್ರಶ್ನೆ: ನಾನು ರಾಯಚೂರು ಜಿಲ್ಲೆ ಮಸ್ಕಿ ತಾಲ್ಲೂಕಿನವಳು. ರಾಜ್ಯ ಸರ್ಕಾರದ ಸಿ ಗುಂಪಿನ ಹುದ್ದೆಗೆ ಅರ್ಜಿ ಹಾಕುವಾಗ ಡಿಗ್ರಿಯ ಕೊನೆ ಸೆಮಿಸ್ಟರ್ ಬರೆದು ಮುಗಿಸಿದ್ದೆ. ರಿಸಲ್ಟ್ ಬಂದಿದ್ದು ಅರ್ಜಿಯ ಕೊನೆ ದಿನ ಕಳೆದ ಮೇಲೆ. ಹಾಲ್ ಟಿಕೆಟ್ ಕೊಟ್ಟರು, ಪರೀಕ್ಷೆ ಬರೆದೆ, ಒಳ್ಳೆ ಅಂಕವೂ ಬಂತು. ದಾಖಲೆ ಪರಿಶೀಲನೆಯಲ್ಲಿ ಅರ್ಹತೆ ಇಲ್ಲ ಅಂತ ಕೈಬಿಟ್ಟರು. ನನ್ನ 371ಜೆ ಪ್ರಮಾಣಪತ್ರದ (ಸಂವಿಧಾನದ 371ಜೆ ವಿಧಿಯಡಿ ಕಲ್ಯಾಣ ಕರ್ನಾಟಕದ ಸ್ಥಳೀಯಳು ಅನ್ನೋ ಪತ್ರ) ತಾರೀಖೂ ಕೊನೆ ದಿನದ ನಂತರದ್ದೇ. ಜೊತೆಗೆ ಓದುವವರೆಲ್ಲ ಹೈಕೋರ್ಟಿಗೆ ಹೋಗು, ಗೆದ್ದೇ ಗೆಲ್ತೀಯ ಅಂತಾರೆ. ಹೋಗಲಾ?

ಉತ್ತರ: ನಿಮ್ಮ ಸಿಟ್ಟು ನ್ಯಾಯವಾದದ್ದು. ವಿಶ್ವವಿದ್ಯಾಲಯ ರಿಸಲ್ಟ್ ತಡ ಮಾಡಿದರೆ ಪೆಟ್ಟು ಬೀಳೋದು ನಿಮಗೆ. ಆದರೆ ಸುಳ್ಳು ಧೈರ್ಯ ಹೇಳಿ ನಿಮ್ಮ ದುಡ್ಡು ಖರ್ಚು ಮಾಡಿಸೋದು ನನಗೆ ಇಷ್ಟವಿಲ್ಲ. ಡಿಗ್ರಿ ವಿಷಯದಲ್ಲಿ ನಿಮ್ಮ ಕೇಸು ದುರ್ಬಲವಾಗಿದೆ.

ಅರ್ಜಿಯ ಕೊನೆ ದಿನಕ್ಕೆ ವಿದ್ಯಾರ್ಹತೆ ಕೈಯಲ್ಲಿರಬೇಕು ಅನ್ನೋದು ಸುಪ್ರೀಂ ಕೋರ್ಟ್ ಹಲವು ಸಲ ಹೇಳಿದ ಮಾತು. 1997ರ ಅಶೋಕ್ ಕುಮಾರ್ ಶರ್ಮಾ ಪ್ರಕರಣದಲ್ಲಿ ನಿಮ್ಮಂತೆಯೇ ಪರೀಕ್ಷೆ ಬರೆದು ರಿಸಲ್ಟ್‌ಗೆ ಕಾಯುತ್ತಿದ್ದವರ ಪ್ರಶ್ನೆಯೇ ಬಂದಿತ್ತು. ಕೋರ್ಟ್ ಕೊಟ್ಟ ಕಾರಣ ಕೇಳಿ: ರಿಸಲ್ಟ್ ಬಂದಿಲ್ಲ ಅಂತ ಪ್ರಾಮಾಣಿಕವಾಗಿ ಅರ್ಜಿಯನ್ನೇ ಹಾಕದೆ ಸುಮ್ಮನಿದ್ದವರು ಬೇಕಾದಷ್ಟು ಜನ ಇರ್ತಾರೆ, ಹಾಕಿದವರಿಗೆ ವಿನಾಯಿತಿ ಕೊಟ್ಟರೆ ಆ ಹೊರಗುಳಿದವರಿಗೆ ಅನ್ಯಾಯವಾಗುತ್ತೆ. ಈ ಮಾತನ್ನು ಅಲ್ಲಗಳೆಯೋದು ಕಷ್ಟ ಅಲ್ವಾ? ಇನ್ನು ಹಾಲ್ ಟಿಕೆಟ್. ಅದು ತಾತ್ಕಾಲಿಕ ಅಂತ ಅಧಿಸೂಚನೆಯಲ್ಲೇ ಬರೆದಿರ್ತಾರೆ. ಅದರಿಂದ ಹಕ್ಕು ಹುಟ್ಟುವುದಿಲ್ಲ.

ನಿಮ್ಮ ಗೆಳೆಯರು ಬಹುಶಃ 2024ರ ನವೆಂಬರ್ ತೀರ್ಪು ನೆನಪಿಟ್ಟುಕೊಂಡು ಹೇಳ್ತಿದ್ದಾರೆ. ತೇಜ್ ಪ್ರಕಾಶ್ ಪಾಠಕ್ ಪ್ರಕರಣ, ಐವರು ನ್ಯಾಯಮೂರ್ತಿಗಳ ಪೀಠ. ನೇಮಕಾತಿ ಶುರುವಾದ ಮೇಲೆ ನಡುವೆ ಅರ್ಹತೆಯ ನಿಯಮ ಬದಲಿಸಬಾರದು ಅಂತ ಹೇಳಿದ್ದು ನಿಜ, ಅದೂ ನಿಯಮದಲ್ಲೋ ಅಧಿಸೂಚನೆಯಲ್ಲೋ ಬದಲಾವಣೆಗೆ ಅವಕಾಶ ಇಟ್ಟಿಲ್ಲದಿದ್ದರೆ. ನಿಮ್ಮ ವಿಷಯದಲ್ಲಿ ಇಲಾಖೆ ಏನನ್ನೂ ಬದಲಿಸಿಲ್ಲ. ಕೊನೆ ದಿನ ಮೊದಲಿನಿಂದಲೂ ಅದೇ ಇತ್ತು. ಹಾಗಾಗಿ ಆ ತೀರ್ಪು ಎದುರಿಗಿನವರಿಗೇ ಜಾಸ್ತಿ ಅನುಕೂಲ.

ಆದರೂ ಕೈಚೆಲ್ಲುವ ಮೊದಲು ಆ ಹುದ್ದೆಯ ವೃಂದ ಮತ್ತು ನೇಮಕಾತಿ ನಿಯಮ, ಅಂದರೆ ಹುದ್ದೆಗೆ ಯಾವ ಅರ್ಹತೆ ಬೇಕು ಅಂತ ಸರ್ಕಾರ ಬರೆದಿಟ್ಟ ನಿಯಮ, ತೆಗೆದು ಓದಿ. ಕೊನೆ ವರ್ಷದವರಿಗೂ ಅವಕಾಶ ಅಂತ ಅಲ್ಲಿದ್ದು, ಅಧಿಸೂಚನೆಯಲ್ಲಿ ಅದನ್ನು ಬಿಟ್ಟಿದ್ದರೆ ನಿಯಮವೇ ಮೇಲು, ಆಗ ನಿಮ್ಮ ಕೇಸಿಗೆ ಜೀವ ಬರುತ್ತೆ. ತಿದ್ದೋಲೆ ಹೊರಡಿಸಿ ಕೊನೆ ದಿನ ಮುಂದೂಡಿದ್ದಾರಾ ಅಂತಲೂ ನೋಡಿ, ನಮ್ಮಲ್ಲಿ ಅದು ಅಪರೂಪವೇನಲ್ಲ. ಮಾರ್ಕ್ಸ್‌ಕಾರ್ಡ್ ಕೈಗೆ ಬಂದ ದಿನ ಹಿಡಿಯಬೇಡಿ, ರಿಸಲ್ಟ್ ಪ್ರಕಟವಾದ ದಿನ ಹಿಡಿಯಿರಿ.

371ಜೆ ಮಾತು ಬೇರೆ. 2013ರ ಆದೇಶದ ಪ್ರಕಾರ ನಮ್ಮ ಭಾಗದ ಸಿ ಗುಂಪಿನ ಸ್ಥಳೀಯ ಹುದ್ದೆಗಳಲ್ಲಿ ನೂರಕ್ಕೆ 80 ಸ್ಥಳೀಯರಿಗೆ ಮೀಸಲು, ಪ್ರಮಾಣಪತ್ರ ಕೊಡೋದು ಉಪವಿಭಾಗಾಧಿಕಾರಿ. ನೀವು ಮಸ್ಕಿಯಲ್ಲಿ ಹುಟ್ಟಿದ್ದು ಪ್ರಮಾಣಪತ್ರ ಬಂದ ದಿನದಿಂದ ಅಲ್ಲವಲ್ಲ! 2016ರಲ್ಲಿ ರಾಮ್ ಕುಮಾರ್ ಗಿಜ್ರೋಯಾ ಪ್ರಕರಣದಲ್ಲಿ ತಡವಾಗಿ ಕೊಟ್ಟ ಒಬಿಸಿ ಪ್ರಮಾಣಪತ್ರವನ್ನು ಸುಪ್ರೀಂ ಕೋರ್ಟ್ ಇದೇ ತರ್ಕದಿಂದ ಒಪ್ಪಿತ್ತು. ಆಮೇಲೆ ಗಾಳಿ ತಿರುಗಿದೆ. 2023ರಲ್ಲಿ ಯುಪಿಎಸ್‌ಸಿಯ ಇಡಬ್ಲ್ಯೂಎಸ್ (ಆರ್ಥಿಕವಾಗಿ ದುರ್ಬಲ ವರ್ಗದ) ಅಭ್ಯರ್ಥಿಗಳ ವಿಷಯದಲ್ಲಿ, ಹೇಳಿದ ದಿನದೊಳಗೆ ಪ್ರಮಾಣಪತ್ರ ಇರಲೇಬೇಕು ಅಂತ ಕೋರ್ಟ್ ಗಟ್ಟಿಯಾಗಿ ಹೇಳಿತು. ನಿಮಗೆ ಇದೊಂದೇ ತೊಡಕಿದ್ದು, ಕೊನೆ ದಿನಕ್ಕೆ ಮೊದಲೇ ಅರ್ಜಿ ಕೊಟ್ಟ ನಾಡಕಚೇರಿ ಸ್ವೀಕೃತಿ ಕೈಯಲ್ಲಿದ್ದರೆ ಹೋರಾಡಿ ಅಂತಲೇ ಹೇಳ್ತಿದ್ದೆ. ಡಿಗ್ರಿಯೇ ನಿಲ್ಲದಿದ್ದರೆ ಇದು ಗೆದ್ದೂ ಪ್ರಯೋಜನವಿಲ್ಲ.

ನಿಯಮ ಓದಿದ ಮೇಲೂ ಹೋಗಬೇಕು ಅನ್ನಿಸಿದರೆ, ಹೈಕೋರ್ಟಿಗೆ ನೇರವಾಗಿ ಬೇಡ. ರಾಜ್ಯ ಸರ್ಕಾರಿ ಹುದ್ದೆಯ ನೇಮಕಾತಿ ತಕರಾರಿಗೆ ಮೊದಲ ಬಾಗಿಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ಜನ ಕೆಎಟಿ ಅನ್ನೋದು ಇದಕ್ಕೇ. ರಾಯಚೂರಿನವರಿಗೆ ಕಲಬುರಗಿ ಪೀಠ. 2022ರ ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿ ನೆನಪಿದೆಯಾ? ಮದುವೆಯಾದ ಮಹಿಳೆಯರ ಜಾತಿ, ಆದಾಯ ಪ್ರಮಾಣಪತ್ರ ತಂದೆಯದ್ದೋ ಗಂಡನದ್ದೋ ಅಂತ ಜಗಳ. ನೇರ ಹೈಕೋರ್ಟಿಗೆ ಹೋದ ಆ ಮಹಿಳೆಯರು ಏಕಸದಸ್ಯ ಪೀಠದಲ್ಲಿ 2023ರ ಜನವರಿಯಲ್ಲಿ ಗೆದ್ದರು. ಅಕ್ಟೋಬರ್‌ನಲ್ಲಿ ವಿಭಾಗೀಯ ಪೀಠ ಆ ಆದೇಶ ರದ್ದು ಮಾಡಿ, ಕೆಎಟಿಗೆ ಹೋಗಿ ಅಂದಿತು. ತಿಂಗಳುಗಟ್ಟಲೆ ಕಾದ ಆ ಹೆಣ್ಣುಮಕ್ಕಳನ್ನು ನೆನೆದರೆ ಈಗಲೂ ಸಂಕಟವಾಗುತ್ತೆ.

ಕೈಬಿಟ್ಟ ಕಾರಣವನ್ನು ಲಿಖಿತ ಹಿಂಬರಹದಲ್ಲಿ ಇವತ್ತೇ ಕೇಳಿ. ಕೆಎಟಿಗೆ ಹೋಗೋಕೆ ಕಾನೂನಿನ ಪ್ರಕಾರ ಒಂದು ವರ್ಷ ಟೈಮಿದೆ, ಆದರೆ ನೇಮಕಾತಿ ಆದೇಶಗಳು ಹೊರಬಿದ್ದ ಮೇಲೆ ಆಯ್ಕೆಯಾದವರನ್ನೂ ಪ್ರತಿವಾದಿಗಳನ್ನಾಗಿ ಮಾಡಬೇಕಾಗುತ್ತೆ. ಅದಕ್ಕೂ ಮುಂಚೆ ಹೋದರೆ ಒಂದು ಹುದ್ದೆ ಖಾಲಿ ಇಡಿ ಅಂತ ಮಧ್ಯಂತರ ಆದೇಶ ಕೇಳಬಹುದು.